ಬಂದೆ, ಬಂದೆ!

ಮಾಣಿ,

‘ಎರಡೇ ನಿಮಿಷ ಅಜ್ಜ, ಇನ್ನೊಂದು ಕಾಲ್ ಬರ್ತಾ ಉಂಟು, ಈಗ ಮಾಡ್ತೇನೆ’ ಎಂದು ನೀನು ಫೋನು ಇಟ್ಟು ಇವತ್ತಿಗೆ ಒಂಬತ್ತು ದಿನ. ಎಣಿಸಿದ್ದು ನಾನಲ್ಲ, ನಿನ್ನ ಅಜ್ಜಿ. ನನ್ನ ಕಿವಿಯಲ್ಲಿ ಉಳಿದದ್ದು ಆ ‘ಈಗ’ ಒಂದೇ. ಮಾರನೆಯ ದಿನ ಅದೇ ನೆಪವಾಗಿ ಕಪಾಟಿನ ಮೇಲಿನ ಹಳೆಯ ಷೇಕ್ಸ್‌ಪಿಯರ್ ಸಂಪುಟವನ್ನು ಇಳಿಸಿದೆ. ಧೂಳು ಹೊಡೆಯುತ್ತಿದ್ದಾಗ ಒಂದು ಪದ ನೆನಪಿಗೆ ಬಂತು. ಮೂವತ್ತಮೂರು ವರ್ಷ ಇಂಗ್ಲಿಷ್ ಪಾಠ ಮಾಡಿದವನ ಚಾಳಿ, ಪದ ನೆನಪಾದರೆ ಯಾರಿಗಾದರೂ ಹೇಳದೆ ಊಟ ಇಳಿಯುವುದಿಲ್ಲ. ಫೋನಿನಲ್ಲಿ ಹೇಳೋಣವೆಂದರೆ ಮತ್ತೆ ನಿನಗೆ ಇನ್ನೊಂದು ಕಾಲ್ ಬಂದೀತು. ಅದಕ್ಕೇ ಈ ಕಾಗದ.

ಆ ಪದ ‘ಅನಾನ್’. ಈಗ ಯಾರೂ ಆಡುವುದಿಲ್ಲ. ಹಳೆಯ ನಾಟಕಗಳಲ್ಲಿ, ಹಳೆಯ ಬೈಬಲ್ಲಿನಲ್ಲಿ, ಬೇಕೆಂದೇ ಹಳೆಗಾಲದವರ ಧಾಟಿಯಲ್ಲಿ ಮಾತಾಡಿ ನಗಿಸುವವರ ಬಾಯಲ್ಲಿ ಅಷ್ಟೇ ಉಳಿದಿದೆ. ನಿನ್ನ ಫೋನಿನಲ್ಲಿ ಹುಡುಕಿದರೆ ‘ಸ್ವಲ್ಪ ಹೊತ್ತಿನಲ್ಲಿ’ ಎಂದು ಅರ್ಥ ತೋರಿಸುತ್ತದೆ. ತಪ್ಪಲ್ಲ. ಆದರೆ ಅದು ಮುದುಕನಾದ ಮೇಲಿನ ಫೋಟೋ ನೋಡಿದ ಹಾಗೆ. ಹುಟ್ಟಿದಾಗ ಅದರ ಮುಖವೇ ಬೇರೆ ಇತ್ತು.

ಸಾವಿರ ವರ್ಷದ ಹಿಂದಿನ ಇಂಗ್ಲಿಷಿನಲ್ಲಿ ಅದು ಎರಡು ಪದ: ‘ಒನ್ ಆನ್’. ಎರಡನೆಯ ‘ಆನ್’ ಅಂದರೆ ಒಂದು. ಇವತ್ತಿನ ‘ವನ್’ ಎಂಬುದರ ಅಜ್ಜ. ಒಟ್ಟು ಅರ್ಥ, ‘ಒಂದರೊಳಕ್ಕೆ’, ‘ಒಂದಾಗಿ’. ಕರೆದದ್ದು ಒಂದು, ಬಂದದ್ದು ಇನ್ನೊಂದು ಎಂದು ಎರಡಾಗದೆ, ನಡುವೆ ಬೆರಳು ತೂರಿಸುವಷ್ಟೂ ಸಂದಿಲ್ಲದೆ ಆಗುವುದು. ಅಂದರೆ ತಕ್ಷಣ. ಹಳೆಯ ಇಂಗ್ಲಿಷಿನವನು ‘ಅನಾನ್’ ಎಂದರೆ ಎದ್ದು ನಿಂತಾಗಿದೆ ಎಂದೇ ಲೆಕ್ಕ.

ಆ ‘ಆನ್’ನ ಸಂತಾನ ದೊಡ್ಡದು. ಪೂರ್ತಿ ಒಂದೇ ಆದವನು ‘ಅಲೋನ್’, ಒಂದರ ಹಾಗಿರುವುದು ‘ಓನ್ಲಿ’, ಒಂದು ಸಲದ್ದು ‘ವನ್ಸ್’. ಪಾಪ ಮಾಡಿದವನು ಪ್ರಾಯಶ್ಚಿತ್ತ ಮಾಡಿಕೊಳ್ಳುವುದಕ್ಕೆ ‘ಅಟೋನ್’ ಎನ್ನುತ್ತಾರಲ್ಲ, ಅದು ‘ಆ್ಯಟ್ ವನ್’; ಮುನಿಸಿಕೊಂಡವರಿಬ್ಬರು ಮತ್ತೆ ಒಂದಾಗುವುದು. ‘ಇಲೆವೆನ್’ ಅಂದರೆ ಹತ್ತು ಎಣಿಸಿದ ಮೇಲೆ ಒಂದು ಉಳಿಯಿತು ಎಂದು. ಇದನ್ನು ಪಾಠ ಮಾಡುವಾಗ ನಾನು ಯಾವಾಗಲೂ ಕನ್ನಡಕ್ಕೆ ಬರುತ್ತಿದ್ದೆ, ಮಕ್ಕಳಿಗೆ ಅಲ್ಲಿ ಬೇಗ ದಾರಿ ಸಿಗುತ್ತಿತ್ತು. ‘ಒಮ್ಮೆಲೇ’ ಎನ್ನುವುದರಲ್ಲಿ ಇರುವುದು ಒಂದೇ. ‘ಒಡನೆ’ ಅಂದರೆ ಜೊತೆಗೆ ಎಂದೂ ಹೌದು, ತಕ್ಷಣ ಎಂದೂ ಹೌದು. ಒಡಹುಟ್ಟಿದವರು, ಒಡನಾಡಿ ಎನ್ನುವಾಗ ಮೊದಲನೆಯದು. ಕೇಳಿದೊಡನೆ ಎದ್ದ ಎನ್ನುವಾಗ ಎರಡನೆಯದು. ‘ಕೂಡಲೇ’ ಎನ್ನುವುದರ ಹೊಟ್ಟೆಯಲ್ಲಿ ‘ಕೂಡು’ ಉಂಟು. ಥೇಮ್ಸ್ ದಂಡೆಯವರೂ ಸೀತಾನದಿ ದಂಡೆಯವರೂ ಒಬ್ಬರನ್ನೊಬ್ಬರು ಕೇಳದೆ ಒಂದೇ ಉಪಾಯ ಮಾಡಿದ್ದಾರೆ: ಎರಡು ಕೆಲಸದ ನಡುವೆ ಸಂದಿಲ್ಲ ಎನ್ನಬೇಕಾದರೆ, ಅವು ಕೂಡಿಕೊಂಡಿವೆ ಎನ್ನುವುದು.

(ಒಂದು ಎಚ್ಚರ. ಪದ್ಯಗಳ ಕೆಳಗೆ ಚುಕ್ಕಿ ಇಟ್ಟು ‘ಅನಾನ್.’ ಎಂದು ಅಚ್ಚಾಗಿರುತ್ತದಲ್ಲ, ಅದು ಬೇರೆ. ಗ್ರೀಕಿನಿಂದ ಬಂದ, ‘ಹೆಸರಿಲ್ಲದ’ ಎನ್ನುವ ಪದದ ಮೊಟಕು. ಕಾಲೇಜಿನ ಮೊದಲ ವರ್ಷ ನಾನು ಅದನ್ನು ಒಬ್ಬ ಕವಿಯ ಹೆಸರು ಎಂದೇ ತಿಳಿದು, ಈತ ಎಷ್ಟೊಂದು ಬರೆದಿದ್ದಾನಲ್ಲ ಎಂದು ಬೆರಗಾಗಿದ್ದೆ. ಹಾಗೆ ಸಹಿ ಹಾಕದೆ ಬರೆದವರು ಬಹಳ ಸಲ ಹೆಂಗಸರೇ ಇರಬೇಕೆಂದು ವರ್ಜೀನಿಯಾ ವುಲ್ಫ್ 1929ರಲ್ಲಿ ಊಹಿಸಿದ್ದಳು. ನಮ್ಮ ಬೀಸುಕಲ್ಲಿನ ಪದಗಳನ್ನು ಕೇಳಿದ್ದರೆ ಆಕೆ ಊಹಿಸುವ ಕಷ್ಟ ಪಡಬೇಕಿರಲಿಲ್ಲ.)

ಈಗ ಕಥೆಗೆ ಬರುತ್ತೇನೆ. ‘ತಕ್ಷಣ’ ಎಂಬುದು ‘ಸ್ವಲ್ಪ ಹೊತ್ತಿನಲ್ಲಿ’ ಆದದ್ದು ಹೇಗೆ? ಯಾರೋ ಪಂಡಿತರು ಕೂತು ಬದಲಾಯಿಸಿದ್ದಲ್ಲ. ಜನ ‘ಅನಾನ್’ ಎಂದರು, ಏಳಲಿಲ್ಲ. ಇನ್ನೊಮ್ಮೆ ಎಂದರು, ಆಗಲೂ ಏಳಲಿಲ್ಲ. ಕೇಳಿದವರು ಎಷ್ಟು ದಿನ ಮೋಸ ಹೋಗುತ್ತಾರೆ? ಅನಾನ್ ಅಂದರೆ ಇನ್ನು ಅರ್ಧ ಗಂಟೆ ಎಂದು ಅವರೇ ಅರ್ಥ ಮಾಡಿಕೊಂಡರು. ಸವೆದ ನಾಣ್ಯವನ್ನು ಅಂಗಡಿಯವನು ಕಡಿಮೆ ಬೆಲೆಗೇ ತೆಗೆದುಕೊಳ್ಳುವುದು. ಆಗ ನಿಜವಾಗಿ ತಕ್ಷಣ ಎನ್ನಬೇಕಾದವನು ಏನು ಮಾಡಬೇಕು? ಒಂದು ಸಾಲದಾದಾಗ ಎರಡು ಕೊಡಬೇಕು. ಚಾಸರನ ಕಾಲಕ್ಕೇ ‘ರೈಟ್ ಅನಾನ್’ ಎಂದು ಊರುಗೋಲು ಕೊಡುವುದು ಶುರುವಾಗಿತ್ತು. ನಾವೂ ಅದನ್ನೇ ಮಾಡಿದ್ದೇವೆ. ‘ಈಗ’ ಸಾಲಲಿಲ್ಲ, ‘ಈಗಲೇ’ ಎಂದೆವು. ಅದೂ ಸಾಲಲಿಲ್ಲ, ‘ಈಗಿಂದೀಗಲೇ’ ಎಂದೆವು. ಪದ ಉದ್ದವಾದಷ್ಟೂ ಕೆಲಸ ದೂರ.

ಇದು ಅನಾನ್ ಒಂದರ ಹಣೆಬರಹವಲ್ಲ, ಇಡೀ ಓಣಿಯದ್ದು. ನೀನು ದಿನಕ್ಕೆ ನಲವತ್ತು ಸಲ ಟೈಪ್ ಮಾಡುವ ‘ಸೂನ್’ ಉಂಟಲ್ಲ, ಹಳೆಯ ಇಂಗ್ಲಿಷಿನಲ್ಲಿ ಅದು ‘ಸೋನ’; ಅರ್ಥ, ಆ ಕ್ಷಣವೇ. ‘ಪ್ರೆಸೆಂಟ್ಲಿ’ಯೂ ಹಾಗೆಯೇ. 1611ರ ಕಿಂಗ್ ಜೇಮ್ಸ್ ಬೈಬಲ್ಲಿನಲ್ಲಿ ಯೇಸು ಶಪಿಸಿದ ಅಂಜೂರದ ಮರ ‘ಪ್ರೆಸೆಂಟ್ಲಿ’ ಒಣಗಿತು ಎಂದಿದೆ. ಅಲ್ಲಿ ಅರ್ಥ ನಿಂತ ನಿಲುವಿನಲ್ಲೇ ಎಂದು. ‘ಬೈ ಆ್ಯಂಡ್ ಬೈ’ಯದ್ದಂತೂ ಭಯಂಕರ. ಹೆರೋದ್ಯಳ ಮಗಳು ಕುಣಿದು ಮೆಚ್ಚಿಸಿ, ಸ್ನಾನಿಕ ಯೋಹಾನನ ತಲೆಯನ್ನು ತಟ್ಟೆಯಲ್ಲಿಟ್ಟು ತರಿಸು ಎಂದು ಅರಸನನ್ನು ಕೇಳುತ್ತಾಳಲ್ಲ, ಆ ಬೈಬಲ್ಲಿನಲ್ಲಿ ಅವಳು ಕೇಳುವುದು ‘ಬೈ ಆ್ಯಂಡ್ ಬೈ’ ಬೇಕೆಂದು. ಈಗಿನ ಹುಡುಗ ಓದಿದರೆ, ಪರವಾಗಿಲ್ಲ, ನಿಧಾನಕ್ಕೆ ಕಳಿಸಿ ಎಂದಳೇನೋ ಎನಿಸುತ್ತದೆ. ಅವಳಿಗೆ ಬೇಕಾಗಿದ್ದದ್ದು ಆ ಗಳಿಗೆಯಲ್ಲೇ, ಅರಸನ ಮನಸ್ಸು ಬದಲಾಗುವ ಮೊದಲು.

ಪ್ರೆಸೆಂಟ್ಲಿಯ ವಿಷಯದಲ್ಲಿ ನಿನಗೆ ಕೆಲಸಕ್ಕೆ ಬರುವ ಮಾತೊಂದು ಉಂಟು. ನಮ್ಮ ದೇಶದಲ್ಲಿ ಅರ್ಜಿ ಬರೆಯುವಾಗ ‘ಪ್ರೆಸೆಂಟ್ಲಿ ವರ್ಕಿಂಗ್’ ಎಂದು ಬರೆದರೆ ಸದ್ಯ ಕೆಲಸ ಮಾಡುತ್ತಿದ್ದೇನೆ ಎಂದರ್ಥ. ಅಮೆರಿಕದವರೂ ಸ್ಕಾಟ್ಲೆಂಡಿನವರೂ ಹಾಗೇ ಬಳಸುತ್ತಾರೆ. ಲಂಡನ್ನಿನ ಹಳೆಯ ಕಿವಿಗೆ ಮಾತ್ರ ಅದು ‘ಇನ್ನು ಸ್ವಲ್ಪ ಹೊತ್ತಿಗೆ’ ಎಂದು ಕೇಳುತ್ತದೆ. ನಿಮ್ಮ ಆಫೀಸಿನಿಂದ ಅಲ್ಲಿಯವರಿಗೆ ಬರೆಯುವಾಗ ‘ಕರೆಂಟ್ಲಿ’ ಎಂದರೆ ಜಗಳವಿಲ್ಲ.

ನಿಘಂಟು ಮಾಡುವವರೂ ಇದರಿಂದ ತಪ್ಪಿಸಿಕೊಳ್ಳಲಿಲ್ಲ. 1879ರಲ್ಲಿ ಜೇಮ್ಸ್ ಮರ್ರೆಯವರು ಆಕ್ಸ್‌ಫರ್ಡಿನ ದೊಡ್ಡ ನಿಘಂಟಿನ ಹೊಣೆ ಹೊತ್ತಾಗ ಹತ್ತು ವರ್ಷದಲ್ಲಿ ಮುಗಿಯುತ್ತದೆ ಎಂದು ಅಂದಾಜು. ಐದು ವರ್ಷ ಕಳೆದು 1884ರಲ್ಲಿ ಮೊದಲ ಕಂತು ಹೊರಬಂದಾಗ ಅದು ಮುಟ್ಟಿದ್ದು ‘ಎ’ಯಿಂದ ‘ಆ್ಯಂಟ್’ವರೆಗೆ, ಅಂದರೆ ಇರುವೆಯವರೆಗೆ. ನಮ್ಮ ಅನಾನ್ ಅಕ್ಷರಕ್ರಮದಲ್ಲಿ ಇರುವೆಗಿಂತ ಸ್ವಲ್ಪ ಮೊದಲು. ಆದ್ದರಿಂದ ಆ ಕಂತಿನಲ್ಲೇ ಅದಕ್ಕೆ ಜಾಗ ಸಿಕ್ಕಿತು. ಕೊನೆಯ ಕಂತು ಬಂದದ್ದು 1928ರಲ್ಲಿ. ಮರ್ರೆ 1915ರಲ್ಲೇ ತೀರಿಕೊಂಡಿದ್ದರು. ಇದನ್ನು ನಾನು ಸೋಮಾರಿತನ ಎನ್ನುವುದಿಲ್ಲ. ಬಾವಿ ತೋಡುವವನಿಗೆ ನೀರು ಎಷ್ಟು ಮೊಳ ಕೆಳಗಿದೆ ಎಂದು ಮೇಲಿನಿಂದ ಕಾಣುವುದಿಲ್ಲ.

ಆದರೆ ಈ ಅನಾನ್ ನನಗೆ ಅಂಟಿಕೊಂಡದ್ದು ನಿಘಂಟಿನಿಂದಲ್ಲ. ನಿನಗೆ ಗೊತ್ತಿರುವ ಹಾಗೆ ನಾನು ಹದಿಮೂರನೆಯ ವಯಸ್ಸಿಗೆ ಬೊಂಬಾಯಿಗೆ ಹೋದವನು. ಫೋರ್ಟ್ ಕಡೆಯ ಒಂದು ಉಡುಪಿ ಹೋಟೆಲು. ಮೊದಲ ಎರಡು ವರ್ಷ ಟೇಬಲ್ಲು ಒರೆಸುವುದು, ಲೋಟ ತೊಳೆಯುವುದು; ಆಮೇಲೆ ಮಾಣಿಯಾಗಿ ಬಡ್ತಿ. ಸಂಜೆ ಏಳಕ್ಕೆ ಕೈಯ ಸಾಂಬಾರಿನ ವಾಸನೆ ಸಮೇತ ಕನ್ನಡ ರಾತ್ರಿ ಶಾಲೆ. ಹೋಟೆಲಿನಲ್ಲಿ ದಿನಕ್ಕೆ ನೂರಾರು ಸಲ ನನ್ನ ಬಾಯಿಂದ ಬರುತ್ತಿದ್ದದ್ದು ಒಂದೇ ಮಾತು: ‘ಆಯಾ ಸಾಬ್!’ ನಮ್ಮ ಕಡೆಯ ಗಿರಾಕಿಯಾದರೆ ‘ಬಂದೆ, ಬಂದೆ!’ ಇದರ ವ್ಯಾಕರಣ ಗಮನಿಸು. ಇನ್ನೂ ಹೋಗಿಲ್ಲ, ಹೋಗುವುದು ಯಾವಾಗಲೋ, ಆದರೂ ಕ್ರಿಯಾಪದ ಭೂತಕಾಲದಲ್ಲಿ. ಹಿಂದಿಯಲ್ಲೂ ಹಾಗೆ, ಕನ್ನಡದಲ್ಲೂ ಹಾಗೆ. ಇಂಗ್ಲಿಷಿನವನು ಒಂದರೊಳಕ್ಕೆ ಒಂದು ಎಂದು ಸಂದಿ ಮುಚ್ಚಿದ. ನಾವು ಬಂದಾಯಿತು ಎಂದೇ ಹೇಳಿಬಿಟ್ಟೆವು. ಸುಳ್ಳಿಗೂ ವಿನಯ ಬೇಕು ನೋಡು.

ಎಂ.ಎ.ಯಲ್ಲಿ ಷೇಕ್ಸ್‌ಪಿಯರನ ನಾಲ್ಕನೆಯ ಹೆನ್ರಿಯ ಮೊದಲ ಭಾಗ ಪಠ್ಯವಾಗಿತ್ತು. 1598ರಲ್ಲಿ ಅಚ್ಚಾದ ನಾಟಕ. ಅದರ ಎರಡನೆಯ ಅಂಕದಲ್ಲಿ ಲಂಡನ್ನಿನ ಈಸ್ಟ್‌ಚೀಪ್ ಬೀದಿಯ ಒಂದು ಮದ್ಯದಂಗಡಿ. ಅಲ್ಲಿ ಫ್ರಾನ್ಸಿಸ್ ಎಂಬ ಹುಡುಗ. ಪೀಪಾಯಿಯಿಂದ ಮದ್ಯ ಇಳಿಸಿ ಗಿರಾಕಿಗಳಿಗೆ ತಂದುಕೊಡುವುದು ಅವನ ಕೆಲಸ. ಕರಾರಿನಲ್ಲಿ ಇನ್ನೂ ಐದು ವರ್ಷ ದುಡಿಯುವುದು ಬಾಕಿ ಇದೆ. ಅಂಗಡಿಯ ಕೋಣೆಗಳಿಗೆ ಒಂದೊಂದು ಹೆಸರು: ಅರ್ಧಚಂದ್ರ, ದಾಳಿಂಬೆ. ಅರ್ಧಚಂದ್ರಕ್ಕೆ ಒಂದು ಪೈಂಟು ಲೆಕ್ಕ ಬರೆ ಎಂದು ಕೂಗುವುದು, ದಾಳಿಂಬೆಯಲ್ಲಿ ಯಾರು ಕಾಯುತ್ತಿದ್ದಾರೆ ನೋಡು ಎನ್ನುವುದು. ನಾನು ಅದನ್ನು ಓದಿ ಕ್ಲಾಸಿನಲ್ಲೇ ನಕ್ಕಿದ್ದೆ. ಮೂರನೇ ಟೇಬಲ್ಲಿಗೆ ಎರಡು ಸಾದಾ, ಫ್ಯಾಮಿಲಿ ರೂಮಿಗೆ ನಾಲ್ಕು ಚಾ ಎಂದು ಕೂಗಿ ಗಂಟಲು ಕೆಡಿಸಿಕೊಂಡವನಿಗೆ ಷೇಕ್ಸ್‌ಪಿಯರ್ ಯಾವತ್ತೋ ನಮ್ಮ ಹೋಟೆಲಿಗೆ ಬಂದು ಹೋಗಿರಬೇಕು ಎನಿಸಿತ್ತು.

ಯುವರಾಜ ಹ್ಯಾಲ್ ಆ ಅಂಗಡಿಯ ಖಾಯಂ ಗಿರಾಕಿ. ಅವನಿಗೆ ಹೊತ್ತು ಹೋಗುತ್ತಿಲ್ಲ. ಸ್ವಲ್ಪ ಮೊದಲು ಫ್ರಾನ್ಸಿಸ್ ಪ್ರೀತಿಯಿಂದ ಅವನ ಕೈಗೆ ಒಂದು ಪೆನ್ನಿಯ ಸಕ್ಕರೆ ಕೊಟ್ಟಿದ್ದ. ಮದ್ಯಕ್ಕೆ ಬೆರೆಸಿಕೊಳ್ಳುವ ಸಕ್ಕರೆ. ಯುವರಾಜ ಒಂದು ಆಟ ಹೂಡುತ್ತಾನೆ: ಗೆಳೆಯ ಪಾಯಿನ್ಸ್ ಪಕ್ಕದ ಕೋಣೆಯಿಂದ ಹುಡುಗನನ್ನು ಕರೆಯುತ್ತಲೇ ಇರಬೇಕು, ತಾನು ಇಲ್ಲಿ ಮಾತಿಗೆ ಹಿಡಿದು ನಿಲ್ಲಿಸಿಕೊಳ್ಳುತ್ತೇನೆ, ಅವನ ಬಾಯಿಂದ ‘ಅನಾನ್’ ಬಿಟ್ಟು ಬೇರೆ ಏನೂ ಹೊರಡಬಾರದು. ಹಾಗೇ ಆಗುತ್ತದೆ. ಅಲ್ಲಿಂದ ಫ್ರಾನ್ಸಿಸ್ ಎಂಬ ಕೂಗು, ಇಲ್ಲಿಂದ ಅನಾನ್, ಅನಾನ್ ಸರ್. ಒಂದು ಸಲ ಎಂದರೆ ನಂಬುವವರಿಲ್ಲ, ಎರಡೆರಡು ಸಲ. ನಮ್ಮ ‘ಬಂದೆ, ಬಂದೆ’ಯ ಹಾಗೆ.

ಈ ಆಟದ ನಡುವೆ ಒಂದು ಕಡೆ ಯುವರಾಜ, ನಿನ್ನ ಸಕ್ಕರೆಗೆ ಸಾವಿರ ಪೌಂಡು ಕೊಡುತ್ತೇನೆ, ಬೇಕೆಂದಾಗ ಕೇಳು ಎನ್ನುತ್ತಾನೆ. ಸರಿಯಾಗಿ ಅದೇ ಹೊತ್ತಿಗೆ ಒಳಗಿನಿಂದ ಕೂಗು. ಹುಡುಗ ಅತ್ತ ತಿರುಗಿ ಅನಾನ್ ಎನ್ನುತ್ತಾನೆ. ಯುವರಾಜ ಅದನ್ನು ತನಗೆ ಹೇಳಿದ ಹಾಗೆ ಹಿಡಿದುಕೊಳ್ಳುತ್ತಾನೆ. ಈಗಲೇ ಬೇಕೇನು ದುಡ್ಡು? ಈಗ ಬೇಡಪ್ಪ, ನಾಳೆ ಆಗಲಿ, ಇಲ್ಲವೇ ಗುರುವಾರ, ಇಲ್ಲವೇ ನಿನಗೆ ಯಾವಾಗ ಬೇಕೋ ಆವಾಗ. ನೋಡು, ಒಂದೇ ಗಳಿಗೆಯಲ್ಲಿ ಒಂದೇ ಪದಕ್ಕೆ ಎರಡೂ ಮುಖ. ಯುವರಾಜನ ಕುಚೋದ್ಯದ ಕಿವಿಯಲ್ಲಿ ಅದು ಇನ್ನೂ ‘ಈಗಲೇ’. ಹುಡುಗನ ಬಾಯಲ್ಲಿ ಆಗಲೇ ‘ಸ್ವಲ್ಪ ತಾಳಿ’. ಕೊನೆಗೆ ಎರಡೂ ಕಡೆಯಿಂದ ಒಟ್ಟಿಗೆ ಕರೆದಾಗ ಹುಡುಗ ಯಾವ ಕಡೆ ಹೋಗುವುದೆಂದು ತಿಳಿಯದೆ ನಡುವೆ ಕಂಬದ ಹಾಗೆ ನಿಂತುಬಿಡುತ್ತಾನೆ. ಆಗ ಅಂಗಡಿಯ ಯಜಮಾನ ಬಂದು ಬೈಯುತ್ತಾನೆ, ಇಷ್ಟು ಕರೆಯುತ್ತಿದ್ದರೂ ನಿಂತಿದ್ದೀಯಲ್ಲ ಎಂದು.

ನಮ್ಮ ಪ್ರೊಫೆಸರರು ಇದನ್ನು ‘ಕಾಮಿಕ್ ರಿಲೀಫ್’ ಎಂದು ಹೇಳಿ ಪುಟ ತಿರುಗಿಸಿದರು. ನನಗೆ ತಿರುಗಿಸಲು ಆಗಲಿಲ್ಲ. ಗಲ್ಲಾದ ಮೇಲಿನಿಂದ ಧಣಿಯ ಕಣ್ಣು, ಎರಡು ಕಡೆಯಿಂದ ಕೂಗು, ಕೈಯಲ್ಲಿ ಐದು ಪ್ಲೇಟು: ಆ ಕಂಬ ನಾನೇ ಆಗಿದ್ದೆ. ಫ್ರಾನ್ಸಿಸ್ ಅನಾನ್ ಎನ್ನುವುದು ಸೋಮಾರಿತನದಿಂದಲ್ಲ. ಇರುವ ಎರಡು ಕಾಲಿಗೆ ನಾಲ್ಕು ಕಡೆಯ ಕರೆ. ಈಚೆಗೆ ನೀನು ಊರಿಗೆ ಬಂದಾಗ ನೋಡಿದೆನಲ್ಲ, ಒಂದು ಪರದೆಯಲ್ಲಿ ಮ್ಯಾನೇಜರ್, ಇನ್ನೊಂದರಲ್ಲಿ ಕ್ಲೈಂಟ್, ಕೈಯಲ್ಲಿ ಫೋನು, ಅಜ್ಜಿ ಊಟಕ್ಕೆ ಕರೆಯುತ್ತಿದ್ದಾಳೆ, ನೀನು ಎಲ್ಲರಿಗೂ ‘ಒನ್ ಸೆಕೆಂಡ್’ ಎನ್ನುತ್ತಿದ್ದೆ. ಆ ಅನಾನನ್ನು ನಾನು ಯಾವತ್ತೂ ತಪ್ಪು ಎನ್ನುವುದಿಲ್ಲ. ಹಾಗೆ ಕರೆಯುವವರದ್ದು ತಪ್ಪು. ಬದಿಯಲ್ಲಿ ನಿಂತು ನಗುವವರದ್ದು ಇನ್ನೂ ದೊಡ್ಡದು.

ಆದರೆ ಇನ್ನೊಂದು ಬಗೆ ಉಂಟು, ಅದನ್ನು ಹೇಳಲಿಕ್ಕೇ ಇಷ್ಟು ಸುತ್ತಿದ್ದು. ಹುಡುಗನನ್ನು ಗಿಳಿಗಿಂತ ಕಡಿಮೆ ಮಾತಿನವನು ಎಂದು ಹಂಗಿಸುವ ಆ ಯುವರಾಜನೇ ನಾಟಕದ ಮೊದಲಿಗೆ ಒಬ್ಬನೇ ನಿಂತು, ಈ ಪುಂಡರ ಸಹವಾಸವನ್ನೆಲ್ಲ ಸಮಯ ಬಂದಾಗ ಬಿಟ್ಟುಬಿಡುತ್ತೇನೆ, ಆಗ ನೋಡಿ ನನ್ನ ಹೊಳಪು ಎಂದು ಹೇಳಿಕೊಂಡವನು. ಅರಮನೆಯಲ್ಲಿ ಅಪ್ಪ ಕಾಯುತ್ತಿದ್ದಾನೆ, ದೇಶದಲ್ಲಿ ದಂಗೆ ಏಳುತ್ತಿದೆ, ಇವನದ್ದು ಗುರುವಾರ. ಅವನನ್ನು ಎರಡು ಕಡೆಯಿಂದ ಎಳೆದವರಿಲ್ಲ, ಕರಾರು ಇಲ್ಲ, ಬೈಯುವ ಯಜಮಾನನಿಲ್ಲ. ಕೈ ಖಾಲಿ ಇದ್ದೂ ಅನ್ನುವ ಅನಾನ್ ಅದು. ಅವನು ಮುಂದೆ ಐದನೆಯ ಹೆನ್ರಿಯಾಗಿ 1415ರಲ್ಲಿ ಆ್ಯಜಿನ್‌ಕೋರ್ಟ್ ಗೆದ್ದ, ನಿಜ. ಯುವರಾಜರಿಗೆ ಗುರುವಾರ ಬರುತ್ತದೆ. ಫ್ರಾನ್ಸಿಸನಿಗೆ ಸಾವಿರ ಪೌಂಡು ಬಂದದ್ದು ಯಾವ ಪುಟದಲ್ಲೂ ಇಲ್ಲ.

ನಾನು ಫ್ರಾನ್ಸಿಸ್ ಎಂದು ಹೇಳಿಕೊಂಡೆನಲ್ಲ, ಅದು ಪೂರ್ತಿ ನಿಜವಲ್ಲ. ಹೋಟೆಲಿನಲ್ಲಿ ದೋಸೆ ಕಾವಲಿಯ ಮುಂದೆ ನಿಲ್ಲುವ ಭಟ್ಟರೊಬ್ಬರಿದ್ದರು. ಓದು ಬರಹ ಬಾರದು. ಒಂದು ಮಧ್ಯಾಹ್ನ, ಗಿರಾಕಿಗಳು ಕರಗಿದ ಹೊತ್ತಿನಲ್ಲಿ, ಅಂಗಿಯ ಕಿಸೆಯಿಂದ ಒಂದು ಇನ್‌ಲ್ಯಾಂಡ್ ಲೆಟರ್ ತೆಗೆದು, ‘ಮಾಣಿ, ಊರಿಗೆ ನಾಲ್ಕು ಗೆರೆ ಬರೆದುಕೊಡ್ತೀಯಾ?’ ಎಂದರು. ‘ಈಗ ಬರೆದೆ ಭಟ್ರೆ’ ಎಂದೆ. ಅವತ್ತು ರಾತ್ರಿ ಶಾಲೆಯ ಪರೀಕ್ಷೆ. ಮರುದಿನ ಪರೀಕ್ಷೆ ಇರಲಿಲ್ಲ. ಮೂರನೆಯ ದಿನ ನಾನು ಮಹಡಿಯ ಮೆಟ್ಟಿಲ ಮೇಲೆ ಕೂತು ಹಳೆಯ ಸಿನಿಮಾ ಪತ್ರಿಕೆ ತಿರುವುತ್ತಿದ್ದೆ; ಅವರು ಬಂದು ಎದುರು ನಿಂತು ಕಿಸೆ ಮುಟ್ಟಿಕೊಂಡರು. ‘ಈಗ ಬಂದೆ’ ಎಂದೆ. ಹೀಗೆ ಎರಡು ವಾರ ಹೋಗಿರಬೇಕು. ನೀಲಿ ಕಾಗದದ ಮೂಲೆಗೆ ಎಣ್ಣೆ ಹತ್ತಿ ಆ ಜಾಗ ಗಾಜಿನ ಹಾಗೆ ಪಾರದರ್ಶಕವಾಗಿತ್ತು.

ಆಮೇಲೊಂದು ದಿನ ಧಣಿ ನನ್ನ ಕೈಗೆ ಟಪಾಲಿನ ಕಟ್ಟು ಕೊಟ್ಟು ಡಬ್ಬಿಗೆ ಹಾಕಿ ಬಾ ಎಂದರು. ಅದರಲ್ಲಿ ಆ ಇನ್‌ಲ್ಯಾಂಡ್ ಇತ್ತು. ಎಣ್ಣೆಯ ಮೂಲೆ ನೋಡಿಯೇ ಗುರುತಾಯಿತು. ವಿಳಾಸ ಬೇರೆ ಯಾರದೋ ಅಕ್ಷರದಲ್ಲಿತ್ತು, ಸೊಟ್ಟ ಸೊಟ್ಟ. ಊರ ಹೆಸರಿನ ಕಾಗುಣಿತ ತಪ್ಪಿತ್ತು. ಅದನ್ನು ತಿದ್ದಲೇ ಎಂದು ಯೋಚಿಸುತ್ತ ಡಬ್ಬಿಯ ಮುಂದೆ ಸ್ವಲ್ಪ ಹೊತ್ತು ನಿಂತಿದ್ದೆ. ಪೆನ್ನು ಇರಲಿಲ್ಲ. ಹಾಕಿ ಬಂದೆ.

ಭಟ್ಟರು ನನ್ನ ಮೇಲೆ ಸಿಟ್ಟು ಮಾಡಲಿಲ್ಲ. ಮೊದಲಿನ ಹಾಗೆಯೇ ಗರಿಗರಿ ಅಂಚು ಮುರಿದು ಕೈಗೆ ಕೊಡುತ್ತಿದ್ದರು. ನಾನು ಆ ಹೋಟೆಲು ಬಿಡುವವರೆಗೆ, ಇನ್ನೂ ನಾಲ್ಕು ವರ್ಷ, ಕಾಗದ ಬರೆದುಕೊಡು ಎಂದು ಮಾತ್ರ ಒಂದು ಸಲವೂ ಕೇಳಲಿಲ್ಲ. ನಾನೇ ಎರಡು ಸಲ ಕೇಳಿದೆ, ‘ಬರೆಯಲಿಕ್ಕೆ ಉಂಟಾ ಭಟ್ರೆ?’ ಎಂದು. ‘ಇಲ್ಲ ಮಾಣಿ, ಆಯ್ತು’ ಎಂದರು. ಒಂಟಿ ‘ಆಯ್ತು’.

ಆದ್ದರಿಂದ ಮಾಣಿ, ನಾನು ಹೇಳುವುದು ಇಷ್ಟೇ. ಎಲ್ಲರಿಗೂ ಒಡನೆಯೇ ಓಗೊಡು ಎಂದು ನಾನು ಹೇಳಲಾರೆ, ಅದು ಮನುಷ್ಯನಿಂದ ಆಗುವುದೂ ಅಲ್ಲ. ಆದರೆ ‘ಈಗ’ ಎನ್ನುವಾಗ ಕೈಯನ್ನೊಮ್ಮೆ ನೋಡಿಕೋ, ಐದು ಪ್ಲೇಟು ಉಂಟೋ, ಬರೀ ಸಿನಿಮಾ ಪತ್ರಿಕೆಯೋ ಎಂದು. ಪ್ಲೇಟು ಇದ್ದರೆ ಹಾಗೆಂದೇ ಹೇಳು: ನಾಳೆ ಸಂಜೆ ಆರಕ್ಕೆ ಮಾಡುತ್ತೇನೆ. ಅದು ‘ಈಗ’ಕ್ಕಿಂತ ಎಷ್ಟೋ ಹತ್ತಿರ. ಆಗುವುದಿಲ್ಲವಾದರೆ ಆಗುವುದಿಲ್ಲ ಎನ್ನು; ಭಟ್ಟರು ಅವತ್ತೇ ಬೇರೆಯವರ ಹತ್ತಿರ ಬರೆಸಿಕೊಳ್ಳುತ್ತಿದ್ದರು, ಕಾಗದ ಎಣ್ಣೆಯಾಗುತ್ತಿರಲಿಲ್ಲ. ಮತ್ತೆ, ನಿನ್ನ ಕೈಕೆಳಗೆ ಹೊಸ ಹುಡುಗರು ಸೇರಿದ್ದಾರಂತೆ. ಅವರಲ್ಲಿ ಒಬ್ಬ ‘ಡನ್ ಸರ್, ಡನ್ ಸರ್’ ಎಂದು ಎರಡೆರಡು ಸಲ ಹೇಳುವುದು ಕೇಳಿದರೆ ಬೈಯುವ ಮೊದಲು ಅವನನ್ನು ಇನ್ನಾರು ಕರೆಯುತ್ತಿದ್ದಾರೆ ನೋಡು. ಒಮ್ಮೊಮ್ಮೆ ಎರಡೂ ಕೋಣೆಯಲ್ಲಿ ನೀನೇ ಇರುತ್ತೀಯ.

ನಮ್ಮ ಭಾಷೆಗೆ ಒಂದು ಒಳ್ಳೆಯ ಗುಣ ಉಂಟು. ಹೊರಟು ನಿಂತವನೂ ‘ಬರ್ತೇನೆ’ ಎನ್ನುತ್ತಾನೆ. ಅದನ್ನು ಯಾರೂ ಸುಳ್ಳು ಎನ್ನುವುದಿಲ್ಲ, ಲೆಕ್ಕವನ್ನೂ ಇಡುವುದಿಲ್ಲ. ನೀನು ದೀಪಾವಳಿಗೆ ಹೊರಡುವಾಗ ಹಾಗೆ ಹೇಳಿದ್ದನ್ನು ಅಜ್ಜಿ ಲೆಕ್ಕ ಇಟ್ಟಿದ್ದಾಳೆ, ಅದು ಬೇರೆ ಮಾತು. ‘ಸದ್ಯದಲ್ಲೇ ಬರ್ತೇನೆ’ ಎಂದು ಬರೆಯಬೇಡ. ತಾರೀಕು ಬರೆ. ಗೋಳಿಬಜೆಯ ಹಿಟ್ಟು ಕಲಸಿ ಹುಳಿಬರಲು ಬಿಡಬೇಕು, ಬೆಳಗ್ಗಿನ ಬಸ್ಸಿಗಾದರೆ ಹಿಂದಿನ ರಾತ್ರಿಯೇ ಮಜ್ಜಿಗೆ ತೆಗೆದಿಡಬೇಕಂತೆ.

— ಅಜ್ಜ